ಗಾಡಿ ಕೆಲಸದ ಮನೆಯಲ್ಲಿ ಒಂದು ದೋಣಿ

ನಮ್ಮದು ಪಾಂಡವಪುರ ತಾಲ್ಲೂಕಿನ ಒಂದು ಊರು. ತಾತನ ಕಾಲದಿಂದ ಎತ್ತಿನ ಗಾಡಿ ಮಾಡುವ ಮನೆ. ಈಗ ಗಾಡಿ ಮಾಡಿಸುವವರು ಇಲ್ಲ. ನಾನು ಬಾಗಿಲು, ಕಿಟಕಿ, ಮಂಚ ಮಾಡಿಕೊಂಡು ಸಂಸಾರ ನಡೆಸುತ್ತಿದ್ದೇನೆ. ಹೋದ ವರ್ಷ ನಮ್ಮ ಕೊಟ್ಟಿಗೆಯಲ್ಲಿ 15 ಅಡಿ ಉದ್ದದ ಮರದ ದೋಣಿಯೊಂದು ತಯಾರಾಯಿತು. ಕಾವೇರಿ ಪಕ್ಕದಲ್ಲೇ ಇದ್ದರೂ ನಮ್ಮ ಬಡಗಿಗಳಿಗೆ ಇದು ಗೊತ್ತಿಲ್ಲದ ಕೆಲಸ. ನಮ್ಮದು ಹರಿಗೋಲಿನ ನಾಡು, ಅಲ್ವಾ. ಅದಕ್ಕೇ ಇದನ್ನು ಬರೆದಿಡುತ್ತಿದ್ದೇನೆ.

ಶುರುವಾಗಿದ್ದು ನಮ್ಮ ಭಾವನಿಂದ. ಅವರು ಕನ್ನಂಬಾಡಿ ಕಟ್ಟೆಯ, ಅಂದರೆ ಕೆಆರ್‌ಎಸ್‌ನ, ಹಿನ್ನೀರಿನಲ್ಲಿ ಮೀನಿಗೆ ಬಲೆ ಹಾಕುತ್ತಾರೆ. ಹರಿಗೋಲು ನದಿಗೆ ಒಳ್ಳೆಯದೇ. ಬಿದಿರ ದಬ್ಬೆ ಹೆಣೆದು, ಹಿಂದೆ ಚರ್ಮ ಹೊದಿಸುತ್ತಿದ್ದರು. ಈಗ ಪ್ಲಾಸ್ಟಿಕ್ ಹಾಳೆ ಹೊದಿಸಿ ಡಾಂಬರು ಬಳಿಯುತ್ತಾರೆ. ಹಗುರ, ಒಬ್ಬನೇ ಹೊತ್ತುಕೊಂಡು ಹೋಗಬಹುದು. ಆದರೆ ಹಿನ್ನೀರು ಬಯಲು. ಆಷಾಢದ ಗಾಳಿ ಬೀಸಿದರೆ ದುಂಡನೆಯ ಹರಿಗೋಲು ಬುಗುರಿ ತಿರುಗಿದ ಹಾಗೆ ತಿರುಗುತ್ತದೆ. ಒಂದು ಸಾರಿ ಭಾವ ಬೆಳಗ್ಗೆ ಹೋದವರು ಕತ್ತಲಾದ ಮೇಲೆ ಬೇರೆ ದಡಕ್ಕೆ ಬಂದು ಬಿದ್ದರು. ಅಕ್ಕ ಅವತ್ತು ಫೋನ್ ಮಾಡಿ ಅತ್ತಿದ್ದು ನನ್ನ ಕಿವಿಯಲ್ಲಿ ಇನ್ನೂ ಇದೆ. ಮುಂದಿನ ವಾರವೇ ಭಾವ ಬಂದು, "ನೀನು ಮರ ಬಲ್ಲೋನು. ನೆಟ್ಟಗೆ ಹೋಗೋ ದೋಣಿ ಒಂದು ಮಾಡ್ಕೊಡು" ಅಂದರು.

ನಾನು ಕೋಳಿಕ್ಕೋಡ್ ಹತ್ತಿರದ ಬೇಪೂರಿಗೆ ಹೋಗಿ ಹತ್ತು ದಿನ ಇದ್ದೆ. ಅಲ್ಲಿ ಉರು ಅನ್ನುವ ದೊಡ್ಡ ಮರದ ಹಡಗುಗಳನ್ನು ಇವತ್ತಿಗೂ ಕಟ್ಟುತ್ತಾರೆ. ಕಾಗದದ ಮೇಲೆ ನಕ್ಷೆ ಇಲ್ಲ. ಮೊದಲು ಹೊರಗಿನ ಹಲಗೆ ಕೂರಿಸುತ್ತಾ ಬರುತ್ತಾರೆ, ಆಮೇಲೆ ಒಳಗೆ ಪಕ್ಕೆಲುಬು, ಅಂದರೆ ಹಲಗೆಗಳನ್ನು ಹಿಡಿದಿಡುವ ಬಾಗಿದ ಅಡ್ಡಮರ, ಇಡುತ್ತಾರೆ. ನಮ್ಮ ಗಾಡಿ ಕೆಲಸದಲ್ಲಿ ಮೊದಲು ಚೌಕಟ್ಟು, ಹಲಗೆ ಆಮೇಲೆ. ಅಲ್ಲಿನ ವಯಸ್ಸಾದ ಮೇಸ್ತ್ರಿಯೊಬ್ಬರು ಹಲಗೆಯ ತುದಿಗೆ ಕೆನ್ನೆ ಒರಗಿಸಿ, ಒಂದು ಕಣ್ಣು ಮುಚ್ಚಿ ಸುಮ್ನೆ ನೋಡುತ್ತಾ ನಿಲ್ಲುತ್ತಿದ್ದರು. ಅಳತೆ ಪಟ್ಟಿ ಹಿಡಿದಿದ್ದನ್ನು ನಾನು ಕಂಡಿದ್ದೇ ಕಡಿಮೆ. ಆ ಕಣ್ಣು ಹತ್ತು ದಿನಕ್ಕೆ ಬರುವಂಥದ್ದಲ್ಲ. ಹಾಗಾಗಿ ನಾನು ಚೌಕಟ್ಟು ಮೊದಲು ಮಾಡುವ ದಾರಿಯನ್ನೇ ಹಿಡಿದೆ. ಯುರೋಪಿನವರೂ ತಮ್ಮ ದೊಡ್ಡ ಹಡಗುಗಳನ್ನು ಹೀಗೇ ಕಟ್ಟುತ್ತಿದ್ದರು.

ತಳ ಚಪ್ಪಟೆ ಇರಲಿ ಅಂತ ತೀರ್ಮಾನ ಮಾಡಿದೆ. ಕಾರಣ ನಮ್ಮ ಕಟ್ಟೆಯೇ. ತುಂಬಿದಾಗ 124.80 ಅಡಿ. ಮಳೆ ಕೈಕೊಟ್ಟ ವರ್ಷ 80ರ ಹತ್ತಿರಕ್ಕೆ ಇಳಿದದ್ದೂ ಉಂಟು. ನೀರು ಇಳಿದರೆ ದಡ ಎಲ್ಲೋ, ನೀರು ಎಲ್ಲೋ. ಕೆಸರಿನ ಮೇಲೆ ದೋಣಿ ಎಳೆಯಬೇಕು. ಚೂಪು ತಳ ಇದ್ದರೆ ಅಲ್ಲೇ ಹೂತುಕೊಳ್ಳುತ್ತದೆ. ಗಾಳಿಗೆ ತಿರುಗದೆ ಇರಲಿ ಅಂತ ಹಿಂಭಾಗದ ತಳದ ಕೆಳಗೆ ಉದ್ದಕ್ಕೆ ಒಂದು ಹಲಗೆ ನಿಲ್ಲಿಸಿದೆ. ಹರಿಗೋಲಿಗೆ ಇಲ್ಲದ್ದು ಅದೇ.

ಕೊಟ್ಟಿಗೆಯ ನೆಲ ಸಾರಿಸಿ, ಒಣಗಿದ ಮೇಲೆ ಸುಣ್ಣದ ಬಳಪದಲ್ಲಿ ದೋಣಿಯನ್ನು ಅದರ ನಿಜವಾದ ಅಳತೆಗೇ ಬರೆದೆ. ಗೆರೆ ಎಳೆಯಲು ತೆಳ್ಳಗೆ ಸೀಳಿದ ಬಿದಿರ ದಬ್ಬೆ. ನಾಲ್ಕೈದು ಕಡೆ ಮೊಳೆ ಹೊಡೆದು ದಬ್ಬೆಯನ್ನು ಅದಕ್ಕೆ ಒರಗಿಸಿದರೆ ತಾನೇ ಬಾಗುತ್ತದೆ. ನೆಲಕ್ಕೆ ಕೆನ್ನೆ ಇಟ್ಟು ನೋಡಿದರೆ ಎಲ್ಲಿ ಉಬ್ಬಿದೆ, ಎಲ್ಲಿ ತಗ್ಗಿದೆ ಅಂತ ಗೊತ್ತಾಗುತ್ತದೆ. ಒಂದು ಮೊಳೆ ಕಿತ್ತ ಕೂಡಲೇ ದಬ್ಬೆ ಉಸಿರು ಬಿಟ್ಟ ಹಾಗೆ ಸರಿಯಾಗಿ ಕೂತುಕೊಳ್ಳುತ್ತದೆ. ಆಗ ಗೊತ್ತಾಗುತ್ತದೆ, ನನ್ನ ಅಳತೆ ತಪ್ಪು, ದಬ್ಬೆ ಹೇಳಿದ್ದೇ ಸರಿ ಅಂತ. ಅಪ್ಪ ಬಾಗಿಲಲ್ಲಿ ನಿಂತು ನೋಡುತ್ತಿದ್ದವರು, "ಮೂಲೆಮಟ್ಟ ಯಾಕ್ಲಾ ಮಡಗ್ಕೊಂಡಿದ್ದೀಯೆ? ಇದ್ರಲ್ಲಿ ಮೂಲೆ ಎಲ್ಲೈತೆ?" ಅಂದರು. ನಿಜ. ಬಾಗಿಲು, ಮಂಚ ಎಲ್ಲ ನಿಂತಿರುವುದೇ ಮೂಲೆಮಟ್ಟದ ಮೇಲೆ. ದೋಣಿಯಲ್ಲಿ ಎರಡು ಹಲಗೆ ಸೇರುವ ಕೋನ ಒಂದೊಂದು ಗೇಣಿಗೂ ಬೇರೆ.

ಅಪ್ಪ ಕೆಲಸಕ್ಕೆ ಕೈ ಹಾಕಿದ್ದು ಪಕ್ಕೆಲುಬಿನ ಹೊತ್ತಿಗೆ. ತಳ ಮತ್ತು ಪಕ್ಕ ಸೇರುವ ಜಾಗಕ್ಕೆ ಬಾಗಿದ ಮರ ಬೇಕು. ನೆಟ್ಟನೆಯ ಮರವನ್ನು ಬಾಗಿದ ಆಕಾರಕ್ಕೆ ಕೊಯ್ದರೆ ಮರದ ಎಳೆ ಅಡ್ಡಲಾಗಿ ತುಂಡಾಗಿ, ಅಲ್ಲೇ ಮುರಿಯುತ್ತದೆ. ಹುಟ್ಟಿನಿಂದಲೇ ಬಾಗಿ ಬೆಳೆದ ಕೊಂಬೆಯಲ್ಲಿ ಎಳೆಯೂ ಜೊತೆಗೇ ಬಾಗಿರುತ್ತದೆ. ಚಕ್ರದ ದುಂಡನೆಯ ಅಂಚಿಗೆ ಅಪ್ಪ ಜಾಲಿ ಮರವನ್ನು ಹೀಗೇ ಹುಡುಕುತ್ತಿದ್ದರು. ಇಬ್ಬರೂ ಸೇರಿ ಪರಿಚಯದವರ ಹೊಲದ ಬದುಗಳಲ್ಲಿ ಅಲೆದು, ಕೇಳಿಕೊಂಡು, 14 ಕೊಂಬೆ ಆರಿಸಿದೆವು. ಅಪ್ಪ ಕೈಯನ್ನು ಮೊಣಕೈಯಲ್ಲಿ ಮಡಚಿ ಕೊಂಬೆಗೆ ಹಿಡಿದು ನೋಡುವುದು, "ಇದು ಬತ್ತದೆ, ಇದು ಬರಾಕಿಲ್ಲ" ಅನ್ನುವುದು. ಕಡಿದು ತಂದು ಮೂರು ತಿಂಗಳು ಕೆರೆಯ ಕೆಸರಲ್ಲಿ ಹೂತೆವು. ಮರದ ರಸ ನೀರಿಗೆ ಬಿಟ್ಟುಕೊಂಡರೆ ಹುಳ ಬೀಳುವುದು ಕಡಿಮೆ.

ಇಂಗ್ಲಿಷರು ಓಕ್ ಮರದ ಕೊಂಬೆಗಳನ್ನು ಇದಕ್ಕಾಗಿಯೇ ಕಾಡೆಲ್ಲ ಹುಡುಕಿಸುತ್ತಿದ್ದರು. ಅವರ ವಿಕ್ಟರಿ ಅನ್ನುವ ಒಂದು ಹಡಗಿಗೇ ಸುಮಾರು 6000 ಮರ ಬಿದ್ದವಂತೆ. ನಮ್ಮಲ್ಲೂ ಅಂಥ ಆಸೆ ಇತ್ತು. 1780ರಲ್ಲಿ ಹೈದರಾಲಿಯ ಹಡಗುಗಳನ್ನು ಇಂಗ್ಲಿಷ್ ನೌಕಾಪಡೆ ಮಂಗಳೂರಿನಲ್ಲೇ ನಾಶ ಮಾಡಿತು. 1796ರಲ್ಲಿ ಟಿಪ್ಪು ನೌಕಾಪಡೆಗೆಂದೇ ಬೇರೆ ಇಲಾಖೆ ಮಾಡಿ, ಮಂಗಳೂರೂ ಸೇರಿದಂತೆ ಕರಾವಳಿಯಲ್ಲಿ ಯುದ್ಧದ ಹಡಗು ಕಟ್ಟಲು ಅಪ್ಪಣೆ ಹೊರಡಿಸಿದ. ಆ ಅಪ್ಪಣೆ ಹೊರಟಿದ್ದು ನಮ್ಮ ಪಕ್ಕದ ಶ್ರೀರಂಗಪಟ್ಟಣದಿಂದ, ಸಮುದ್ರವೇ ಕಾಣದ ಊರಿಂದ. 1799ರಲ್ಲಿ ಪಟ್ಟಣ ಬಿತ್ತು, ಆ ಕೆಲಸವೂ ಅಲ್ಲಿಗೇ ನಿಂತಿತು. ಕೋಟೆ ನೋಡಲು ಬರುವವರಿಗೆ ಇದನ್ನು ಯಾರೂ ಹೇಳುವುದಿಲ್ಲ. ನನಗೆ ಅದು ಬೇಜಾರು.

ಮೊಳೆಯಲ್ಲಿ ನಾನು ಎಡವಿದೆ. ಗಾಡಿಗೆ ಹಾಕುವ ಹಾಗೆ ಕಬ್ಬಿಣದ ಮೊಳೆ ಹಾಕಿ ಎರಡು ಪಕ್ಕೆಲುಬು ಕೂರಿಸಿದ್ದೆ. ಒಂದು ರಾತ್ರಿ ಮಳೆಯ ಎರಚಲು ಬಿತ್ತು. ಬೆಳಗ್ಗೆ ನೋಡಿದರೆ ಪ್ರತಿ ಮೊಳೆಯ ಸುತ್ತ ಮಸಿ ಚೆಲ್ಲಿದ ಹಾಗೆ ಕಪ್ಪು. ಬಾಳೆಕಾಯಿ ಹೆಚ್ಚಿದ ಚಾಕು ಕಪ್ಪಾಗುವುದಿಲ್ಲವೇ, ಅದೇ. ಜಾಲಿ ತೊಗಟೆಯಲ್ಲಿ ಚರ್ಮ ಹದ ಮಾಡುತ್ತಿದ್ದರು, ಅಷ್ಟು ಒಗರು. ಒಗರು, ನೀರು, ಕಬ್ಬಿಣ ಮೂರೂ ಸೇರಿದರೆ ಮೊಳೆಯನ್ನೂ ತಿನ್ನುತ್ತದೆ, ಮರವನ್ನೂ ತಿನ್ನುತ್ತದೆ. ಗಾಡಿ ಒಣಗಿದ್ದು ಓಡಾಡುತ್ತದೆ, ನಡೆಯುತ್ತದೆ. ದೋಣಿ ನೀರಲ್ಲೇ ಇರುತ್ತದೆ. ಎಲ್ಲ ಕಿತ್ತು ತಾಮ್ರದ ಮೊಳೆ ಹಾಕಿದೆ. ಹೊರಗಿಂದ ನಾನು ಹೊಡೆಯುವುದು, ಒಳಗೆ ಅಪ್ಪ ತಾಮ್ರದ ಬಿಲ್ಲೆ ತೂರಿಸಿ, ಮೊಳೆಯ ತುದಿ ಕತ್ತರಿಸಿ, ಸಣ್ಣ ಸುತ್ತಿಗೆಯಲ್ಲಿ ತಟ್ಟಿ ತಟ್ಟಿ ಅಣಬೆಯ ಹಾಗೆ ಅರಳಿಸುವುದು.

ಓಕ್‌ನಲ್ಲೂ ಇದೇ ಒಗರಿದೆ, ಅದೂ ಕಬ್ಬಿಣವನ್ನು ತಿನ್ನುತ್ತದೆ. ತೇಗದಲ್ಲಿ ಎಣ್ಣೆ ಅಂಶ ಜಾಸ್ತಿ, ಕಬ್ಬಿಣಕ್ಕೆ ಅಂಥ ತೊಂದರೆ ಇಲ್ಲ. ಬೊಂಬಾಯಿಯ ವಾಡಿಯಾ ಮನೆತನದವರು ತೇಗದಲ್ಲಿ ಕಟ್ಟಿ 1817ರಲ್ಲಿ ನೀರಿಗೆ ಬಿಟ್ಟ ಟ್ರಿಂಕೋಮಲಿ ಅನ್ನುವ ಹಡಗು ಇಂಗ್ಲೆಂಡಿನಲ್ಲಿ ಇವತ್ತಿಗೂ ತೇಲುತ್ತಿದೆ. ಮೊಳೆಯೇ ಇಲ್ಲದೆ ತೆಂಗಿನ ನಾರಿನ ಹಗ್ಗದಲ್ಲಿ ಹಲಗೆ ಹೊಲಿದು ಹಡಗು ಕಟ್ಟುವುದು ನಮ್ಮವರ ಹಳೆಯ ವಿದ್ಯೆ. ಅಜಂತಾ ಚಿತ್ರ ನೋಡಿಕೊಂಡು ಹಾಗೇ ಹೊಲಿದ ಕೌಂಡಿನ್ಯ ಹಡಗನ್ನು 2025ರ ಮೇ ತಿಂಗಳಲ್ಲಿ ನಮ್ಮ ಕಾರವಾರದಲ್ಲೇ ನೌಕಾಪಡೆಗೆ ಸೇರಿಸಿಕೊಂಡರು. ತೇಗ ನನ್ನ ಕೈಗೆ ಎಟುಕುವ ಬೆಲೆಯಲ್ಲಿ ಇರಲಿಲ್ಲ. ಕೊಡಗಿನ ಕಡೆಯ ಹೆಬ್ಬಲಸು ತಂದೆ. ಕೇರಳದ ದೋಣಿಗಳಿಗೂ ಅದೇ ಮರ.

ಹಲಗೆ ಬಗ್ಗಿಸಲು ಹಳೆಯ ಹಲಗೆಗಳಲ್ಲಿ ಉದ್ದನೆಯ ಪೆಟ್ಟಿಗೆ ಮಾಡಿ, ಡ್ರಮ್ಮಿನಲ್ಲಿ ನೀರು ಕಾಯಿಸಿ ಆವಿ ಬಿಟ್ಟೆ. ಉರಿಗೆ ಆಲೆಮನೆಯಿಂದ ತಂದ ಕಬ್ಬಿನ ರಚ್ಚು. ಒಂದು ಇಂಚು ದಪ್ಪಕ್ಕೆ ಒಂದು ಗಂಟೆ ಅನ್ನುವುದು ಲೆಕ್ಕ. ನನ್ನದು ಮುಕ್ಕಾಲು ಇಂಚು. ಹೊರಗೆ ತೆಗೆದರೆ ಎರಡು ಮೂರು ನಿಮಿಷ ಮಾತ್ರ ಅದು ಹೇಳಿದ ಮಾತು ಕೇಳುತ್ತದೆ. ಮೊದಲನೇ ಹಲಗೆ ಅರ್ಧ ಬಗ್ಗಿ ಪಟ್ ಅಂತ ಸೀಳಿತು. ಎಳೆ ನೋಡಿದೆ, ನಡುವೆ ಓರೆಯಾಗಿ ಅಂಚಿಗೆ ಓಡಿಹೋಗಿತ್ತು. ಎಳೆ ಈ ತುದಿಯಿಂದ ಆ ತುದಿಯವರೆಗೆ ಓಡುವ ಹಲಗೆ ಆರಿಸಿಕೊಂಡ ಮೇಲೆ ಒಂದೂ ಸೀಳಲಿಲ್ಲ.

ಎಲ್ಲಕ್ಕಿಂತ ನನಗೆ ಇಷ್ಟವಾದ ಕೆಲಸ ಸಂದು ತುಂಬುವುದು. ಎರಡು ಹಲಗೆ ಒಳಗಡೆ ಒಂದಕ್ಕೊಂದು ತಾಕಿರಬೇಕು, ಹೊರಗಡೆ ಸ್ವಲ್ಪ ಬಾಯಿ ತೆರೆದಿರಬೇಕು. ಹತ್ತಿ ನೂಲನ್ನು ಸಡಿಲವಾಗಿ ಹುರಿ ಮಾಡಿ, ಆ ಬಾಯಿಗೆ ಇಟ್ಟು, ಮೊಂಡು ಉಳಿಯಿಂದ ಕೊಡತಿಯಲ್ಲಿ ತಟ್ಟುತ್ತಾ ಹೋಗಬೇಕು. ಮೊದಲು ಬೊದ್ದು ಸದ್ದು. ನೂಲು ಕೂರುತ್ತಾ ಬಂದ ಹಾಗೆ ಸದ್ದು ಗಟ್ಟಿಯಾಗುತ್ತದೆ. ಕಣಕಣ ಅಂದರೆ ಸಾಕು, ಮುಂದಕ್ಕೆ. ಅಲ್ಲೇ ಇನ್ನೂ ಹೊಡೆದರೆ ತಪ್ಪು. ನೀರಿಗೆ ಬಿದ್ದ ಮೇಲೆ ಹಲಗೆ ಉಬ್ಬುತ್ತದೆ. ಉಬ್ಬಲು ಜಾಗ ಇಲ್ಲದಿದ್ದರೆ ಅಂಚು ನಜ್ಜಾಗುತ್ತದೆ, ಮೊಳೆ ಎದ್ದು ಬರುತ್ತದೆ. ಮೇಲೆ ರಾಳವನ್ನು ಕೊಬ್ಬರಿ ಎಣ್ಣೆಯಲ್ಲಿ ಕಾಯಿಸಿ ಮೆತ್ತಿದೆ. ಸಮುದ್ರದಲ್ಲಾದರೆ ಮರ ಕೊರೆಯುವ ಹುಳದ ಕಾಟಕ್ಕೆ ತಳಕ್ಕೆ ತಾಮ್ರದ ತಗಡೇ ಹೊಡೆಯುತ್ತಿದ್ದರು. ಸಿಹಿನೀರಲ್ಲಿ ಆ ಚಿಂತೆ ಇಲ್ಲ.

ಟ್ರ್ಯಾಕ್ಟರಿನಲ್ಲಿ ಹಿನ್ನೀರಿಗೆ ತಂದು ಇಳಿಸಿದೆವು. ಅಕ್ಕ ಅರಿಶಿನ ಕುಂಕುಮ ಇಟ್ಟು ತೆಂಗಿನಕಾಯಿ ಒಡೆದಳು. ಹತ್ತು ನಿಮಿಷಕ್ಕೆ ಒಳಗೆ ಪಾದ ಮುಳುಗುವಷ್ಟು ನೀರು. ಭಾವನ ಮುಖ ಬಾಡಿತು. ಹೊಸ ದೋಣಿ ಮೊದಲು ಸೋರುತ್ತದೆ, ಹಲಗೆ ಉಬ್ಬಿದ ಮೇಲೆ ನಿಲ್ಲುತ್ತದೆ ಅಂತ ಬೇಪೂರಿನಲ್ಲಿ ಕೇಳಿ ತಿಳಿದಿದ್ದರೂ ನನ್ನ ಎದೆಯೂ ಧಸಕ್ ಅಂದಿತ್ತು. ಅಪ್ಪ ಮಾತ್ರ ದಡದಲ್ಲಿ ಕೂತು ಎಲೆ ಅಡಿಕೆ ಹಾಕಿಕೊಳ್ಳುತ್ತಾ, "ಬೇಸ್ಗೇಲಿ ಗಾಡಿ ಚಕ್ರ ಸಡಿಲಾದ್ರೆ ಏನ್ ಮಾಡ್ತಿದ್ವಿ? ಕೆರೆಗೆ ಇಳಿಸಿ ನೆನೆ ಹಾಕ್ತಿರ್ನಿಲ್ವಾ? ಇಲ್ಲೇ ಬುಡಿ, ನೀರು ಕುಡೀಲಿ" ಅಂದರು. ಹಗ್ಗ ಕಟ್ಟಿ, ಒಳಗೆ ಇನ್ನೂ ನಾಲ್ಕು ಬಿಂದಿಗೆ ನೀರು ಸುರಿದು, ಎರಡು ರಾತ್ರಿ ಬಿಟ್ಟೆವು.

ಮೂರನೇ ದಿನ ಬೆಳಗ್ಗೆ ನೀರೆಲ್ಲ ತೋಡಿ ಹೊರಗೆ ಹಾಕಿ, ಬಟ್ಟೆಯಲ್ಲಿ ತಳ ಒರೆಸಿದೆ. ಒಂದು ಗಂಟೆ ಬಿಟ್ಟು ಅಂಗೈ ಆಡಿಸಿ ನೋಡಿದೆ. ಒಂದು ಮೂಲೆಯಲ್ಲಿ ಮಾತ್ರ ಸ್ವಲ್ಪ ತೇವ. ಭಾವ ಬಲೆ ಹಾಕಿಕೊಂಡು, ಹುಟ್ಟು ಹಿಡಿದು, ಗಾಳಿಗೆ ಅಡ್ಡಲಾಗಿ ನೆಟ್ಟಗೆ ಹೊರಟರು.