ವಿಷ ಉಂಡ ಓಕ್ ಮರದ ಸಸಿಗಳು ನನ್ನ ಹಿತ್ತಲಲ್ಲಿ

ಅಮೆರಿಕದ ಟೆಕ್ಸಸ್‌ನ ಆಸ್ಟಿನ್ ನಗರದಲ್ಲಿ ಟ್ರೀಟಿ ಓಕ್ ಎಂಬ ಹಳೆಯ ಲೈವ್ ಓಕ್ ಮರವಿದೆ. ಅದರ ಕಾಯಿಗಳನ್ನು ಫ್ರಿಜ್‌ನಲ್ಲಿ ಇಡದೆ ಆಯ್ದ ದಿನವೇ ಬಿತ್ತುತ್ತೇನೆ ಎಂದಾಗ ಇಲ್ಲಿನ ಕನ್ನಡ ಗೆಳೆಯರು ಯಾರೂ ನಂಬಲಿಲ್ಲ. ಕೆಂಪು ಓಕ್‌ ಬೀಜಕ್ಕೆ ಚಳಿ ಬೇಕು, ನಿಜ. ಚಳಿಗಾಲದಲ್ಲೂ ಹಸಿರಾಗಿರುವ ಲೈವ್ ಓಕ್‌ಗೆ ಬೇಡ. ಅದರ ಬೀಜ ಒಣಗಿದರೆ ಸತ್ತಿತು. ಈಗ ಹಿತ್ತಲಲ್ಲಿ ಹತ್ತು ಹನ್ನೆರಡು ಗಿಡಗಳಿವೆ, ಎತ್ತರದ್ದು ನನ್ನ ಎದೆಮಟ್ಟ ಬಂದಿದೆ.

ವಿಷ ಕುಡಿದ ಮರದ ಬೀಜ ಮೊಳೆಯುವುದೇ ಇಲ್ಲ ಎಂದವರೂ ಇದ್ದರು. 1989ರಲ್ಲಿ ಒಬ್ಬ ಆ 500 ವರ್ಷದ ಮರದ ಬುಡಕ್ಕೆ ವೆಲ್ಪಾರ್ ಕಳೆನಾಶಕ ಸುರಿದ. ಮಣ್ಣು ತೆಗೆದು, ನೆರಳಿನ ಪರದೆ ಕಟ್ಟಿ, ಸಕ್ಕರೆ ನೀರು ಏರಿಸಿ ಮೂರನೇ ಒಂದು ಭಾಗವನ್ನಷ್ಟೇ ಉಳಿಸಿಕೊಂಡರು. ಆದರೆ 1997ರಲ್ಲಿ ಅದು ಮತ್ತೆ ಕಾಯಿ ಬಿಟ್ಟಿತು, ಆ ಕಾಯಿಗಳಿಂದ ನಗರದವರು ಸಸಿ ಮಾಡಿ ಹಂಚಿದರು. ನನಗೆ ಆ ಸಾಕ್ಷಿ ಸಾಕಾಗಿತ್ತು.

ಮೊದಲ ವರ್ಷದ ಬಿತ್ತನೆ ಪೂರ್ತಿ ಅಳಿಲುಗಳ ಪಾಲಾಯಿತು. ಮರುವರ್ಷ ತಂತಿ ಜಾಲರಿಗೇ ಎಂಬತ್ತು ಡಾಲರ್ ಹೋಯಿತು, ಉದ್ದನೆಯ ಕುಂಡಗಳಿಗೆ ಇನ್ನೂರರ ಹತ್ತಿರ. ಕುಂಡದಲ್ಲಿ ಜಿಪುಣತನ ಬೇಡ: ತಾಯಿಬೇರು ಅಡಿಗೆ ತಾಗಿ ಸುತ್ತಿಕೊಂಡರೆ ಗಿಡ ಕೆಟ್ಟಿತು. ನೀರಿನಲ್ಲಿ ತೇಲುವ ಕಾಯಿ ಎಸೆಯಿರಿ; ಮುಳುಗಿದರೂ ಸೂಜಿ ತೂತಿದ್ದರೆ ಒಳಗೆ ಮೂತಿಹುಳು ಇರುತ್ತದೆ. ಮಣ್ಣಿಗೆ ಸುಣ್ಣಕಲ್ಲಿನ ಪುಡಿಯ ಜೊತೆ ಇನ್ನೊಂದು ವಸ್ತು ಸೇರಿಸುತ್ತೇನೆ, ಅದು ನನ್ನಲ್ಲೇ ಇರಲಿ.

ಮರಕ್ಕೆ ಸಕ್ಕರೆ ಕೊಟ್ಟ ಕಥೆ ತಲೆಯಲ್ಲಿತ್ತಲ್ಲ, ನಾಲ್ಕು ಕುಂಡಗಳಿಗೆ ಬೆಲ್ಲ, ಕಡಲೆಹಿಟ್ಟು, ಸಗಣಿ ಕಲಸಿ ಜೀವಾಮೃತ ಹಾಕಿ ನೋಡಿದೆ. ಬೆಳವಣಿಗೆಯಲ್ಲಿ ವ್ಯತ್ಯಾಸ ಕಾಣಲಿಲ್ಲ, ಬೆಂಕಿ ಇರುವೆಗಳು ಮಾತ್ರ ಗೂಡು ಕಟ್ಟಿದವು. ಹಾಗಲಬಳ್ಳಿಗೆ ಅದೇ ಜೀವಾಮೃತ ಚೆನ್ನಾಗಿ ಹಿಡಿಯಿತು.

2021ರ ಫೆಬ್ರುವರಿಯ ಹಿಮಕ್ಕೆ ಸಸಿಗಳು ಕಪ್ಪಗೆ ಸುಟ್ಟುಹೋದವು. ಕಿತ್ತೆಸೆ ಎಂದರು. ಒಂದರ ಬುಡ ಕೆದರಿ ನೋಡಿದೆ: ಮಣ್ಣಿನೊಳಗೆ ಕ್ಯಾರೆಟ್‌ನಂತೆ ದಪ್ಪಗಾದ ಬುಡ, ಉಗುರಿನಿಂದ ಗೀರಿದರೆ ಹಸಿ. ಲೈವ್ ಓಕ್ ತನ್ನ ಆಹಾರವನ್ನು ಅಲ್ಲಿಯೇ ಕೂಡಿಟ್ಟಿರುತ್ತದೆ. ಏಪ್ರಿಲ್ ಹೊತ್ತಿಗೆ ಮುಕ್ಕಾಲು ಪಾಲು ಚಿಗುರಿದವು.

ಈ ಚಳಿಗಾಲ ನಾಲ್ಕೈದು ಗಿಡಗಳನ್ನು ಜಾಗವಿದ್ದವರಿಗೆ ಕೊಡುತ್ತೇನೆ. ಒಂದೇ ಷರತ್ತು: ಫೆಬ್ರುವರಿಯಿಂದ ಜೂನ್‌ವರೆಗೆ ಕತ್ತರಿ ಹಾಕಬಾರದು, ಹಸಿ ಗಾಯದ ವಾಸನೆ ಹಿಡಿದು ಬರುವ ಜೀರುಂಡೆಗಳೇ ಓಕ್ ಮರಗಳನ್ನು ಒಣಗಿಸಿ ಕೊಲ್ಲುವ ಓಕ್ ವಿಲ್ಟ್ ಎಂಬ ಶಿಲೀಂಧ್ರ ರೋಗವನ್ನು ಹೊತ್ತು ತರುತ್ತವೆ.