ಎಲ್‌ಡಿಡಿಗೆ ಕಾಣದ ಲೈಬ್ರರಿ

ಕೆಲಸ ಸಣ್ಣದೇ ಇತ್ತು. ಹಳೆಯ ಮೇನ್‌ಫ್ರೇಮ್‌ನಿಂದ ಪ್ರತಿ ರಾತ್ರಿ ಬರುವ ಫೈಲ್‌ಗಳನ್ನು ಯುಟಿಎಫ್-8 ಎಂಬ ಎನ್‌ಕೋಡಿಂಗ್‌ಗೆ (ಅಕ್ಷರಗಳನ್ನು ಬೈಟ್‌ಗಳಾಗಿ ಬರೆಯುವ ಕ್ರಮ) ಬದಲಾಯಿಸಿ ಡೇಟಾಬೇಸ್‌ಗೆ ತುಂಬಬೇಕು. ಫೈಲ್ ಇದ್ದದ್ದು ಐಬಿಎಂ ಮೇನ್‌ಫ್ರೇಮ್‌ಗಳ ಎನ್‌ಕೋಡಿಂಗ್ ಆದ ಎಬ್ಸಿಡಿಕ್‌ನಲ್ಲಿ, ಐಬಿಎಂ037 ಕೋಡ್‌ಪೇಜ್ (ಯಾವ ಬೈಟ್‌ಗೆ ಯಾವ ಅಕ್ಷರ ಎಂಬ ಪಟ್ಟಿ). ಇಂಗ್ಲಿಷಿನ ದೊಡ್ಡ ‘ಎ’ ಆಸ್ಕಿಯಲ್ಲಿ ಹೆಕ್ಸ್ (16ರ ಆಧಾರದ ಸಂಖ್ಯೆ) 41, ಇಲ್ಲಿ ಸಿ1. ಒಂದು ಎನ್‌ಕೋಡಿಂಗ್‌ನಿಂದ ಇನ್ನೊಂದಕ್ಕೆ ಬದಲಾಯಿಸುವ, ಸಿ ಭಾಷೆಯ ಐಕಾನ್ವ್ ಫಂಕ್ಷನ್‌ಗಳನ್ನು ಕರೆಯುವ ಪುಟ್ಟ ಪ್ರೋಗ್ರಾಂ ಬರೆದೆ. ನನ್ನ ಲ್ಯಾಪ್‌ಟಾಪ್‌ನಲ್ಲಿ ಸಲೀಸಾಗಿ ಓಡಿತು. ಕಂಟೇನರ್‌ಗೆ (ಪ್ರೋಗ್ರಾಂ ಮತ್ತು ಅದಕ್ಕೆ ಬೇಕಾದದ್ದಷ್ಟೇ ಇರುವ ಪ್ರತ್ಯೇಕ ಪರಿಸರ) ಹಾಕಿದ ತಕ್ಷಣ ಬಿದ್ದಿತು. ಐಬಿಎಂ037ರಿಂದ ಪರಿವರ್ತನೆಗೆ ಬೆಂಬಲ ಇಲ್ಲ ಅಂತ ಎರರ್.

ಮೊದಲು ಎಲ್‌ಡಿಡಿ ಓಡಿಸಿದೆ, ಪ್ರೋಗ್ರಾಂಗೆ ಲಿಂಕ್ ಆಗಿರುವ ಲೈಬ್ರರಿಗಳನ್ನು ಪಟ್ಟಿ ಮಾಡುವ ಲಿನಕ್ಸ್ ಕಮಾಂಡ್ ಅದು. ಬೇಕಾದ ಲೈಬ್ರರಿಗಳೆಲ್ಲ ಇವೆ ಅಂತ ತೋರಿಸಿತು. ಎರಡೂ ಕಡೆ ಅದೇ ಪ್ರೋಗ್ರಾಂ, ಅದೇ ಪಟ್ಟಿ. ಹಾಗಾದರೆ ಇಲ್ಲದಿರುವುದು ಯಾವುದು? ಅರ್ಧ ದಿನ ನನ್ನ ಕೋಡನ್ನೇ ಅನುಮಾನಿಸಿದೆ. ಸುಮ್ನೆ ಟೈಮ್ ಹಾಳು.

ಕೊನೆಗೆ ಲ್ಯಾಪ್‌ಟಾಪ್‌ನಲ್ಲಿ, ಪ್ರೋಗ್ರಾಂ ಯಾವ ಫೈಲ್ ತೆರೆಯುತ್ತದೆ ಅಂತ ತೋರಿಸುವ ಎಸ್‌ಟ್ರೇಸ್ ಹಾಕಿ ನೋಡಿದಾಗ ವಿಷಯ ಹೊರಬಿತ್ತು. ಪ್ರೋಗ್ರಾಂ ಓಡುತ್ತಿರುವಾಗಲೇ ಜಿಕಾನ್ವ್ ಎಂಬ ಫೋಲ್ಡರ್‌ನಿಂದ ಒಂದು ‘.ಎಸ್‌ಒ’ ಫೈಲ್, ಅಂದರೆ ಶೇರ್ಡ್ ಲೈಬ್ರರಿ, ತೆರೆಯುತ್ತಿತ್ತು. ಅದರ ಹೆಸರೇ ಐಬಿಎಂ037. ಲಿನಕ್ಸ್‌ನ ಮೂಲ ಸಿ ಲೈಬ್ರರಿಯಾದ ಜಿಲಿಬ್‌ಸಿಯಲ್ಲಿ ಯುಟಿಎಫ್-8, ಆಸ್ಕಿ ತರಹದ ಕೆಲವಷ್ಟೇ ಲೈಬ್ರರಿಯ ಒಳಗೇ ಇವೆ. ಮಿಕ್ಕ ಬಹುತೇಕ ಎನ್‌ಕೋಡಿಂಗ್‌ಗಳಿಗೆ ಬೇರೆಬೇರೆ ಶೇರ್ಡ್ ಲೈಬ್ರರಿ ಫೈಲ್‌ಗಳು. ಯಾರಾದರೂ ಹೆಸರು ಹಿಡಿದು ಕೇಳಿದಾಗ ಮಾತ್ರ ಅವು ಲೋಡ್ ಆಗುತ್ತವೆ. ಲಿಂಕ್ ಮಾಡುವಾಗ ಅವುಗಳ ಸುದ್ದಿಯೇ ಇಲ್ಲ, ಎಲ್‌ಡಿಡಿಗೆ ಹೇಗೆ ಗೊತ್ತಾಗಬೇಕು, ಅಲ್ವಾ?

ಇದರ ಒಳಗಿನ ಏರ್ಪಾಡು ನನಗೆ ಇಷ್ಟವಾಯಿತು. ಪ್ರತಿ ಎನ್‌ಕೋಡಿಂಗ್‌ನಿಂದ ಮತ್ತೊಂದಕ್ಕೆ ನೇರ ದಾರಿ ಬರೆಯುತ್ತಾ ಹೋದರೆ ಸಾವಿರಾರು ಜೋಡಿಗಳಾಗುತ್ತವೆ. ಅದರ ಬದಲು ನಡುವೆ ಒಂದು ತಂಗುದಾಣ ಇದೆ. ಅದಕ್ಕೆ ‘ಇಂಟರ್ನಲ್’ ಅಂತ ಹೆಸರು, ಒಂದು ಅಕ್ಷರಕ್ಕೆ ನಾಲ್ಕು ಬೈಟ್. ಐಬಿಎಂ037ರಿಂದ ಇಂಟರ್ನಲ್‌ಗೆ ಒಂದು ಹೆಜ್ಜೆ, ಅಲ್ಲಿಂದ ಯುಟಿಎಫ್-8ಕ್ಕೆ ಇನ್ನೊಂದು. ಯಾವ ಹೆಸರಿಗೆ ಯಾವ ಫೈಲ್ ಅಂತ ಸಾದಾ ಟೆಕ್ಸ್ಟ್ ಫೈಲ್‌ಗಳಲ್ಲಿ ಬರೆದಿರುತ್ತದೆ. ಪ್ರತಿ ದಾರಿಗೆ ಎಷ್ಟು ‘ಖರ್ಚು’ ಅನ್ನುವ ಅಂಕಿಯೂ ಅದರಲ್ಲೇ ಇರುತ್ತದೆ. ಖರ್ಚು ಕಡಿಮೆ ಇರುವ ದಾರಿಗೆ ಆದ್ಯತೆ.

ಇಷ್ಟು ಗೊತ್ತಾದ ಮೇಲೆ ಗೆದ್ದೆ ಅಂದುಕೊಂಡೆ. ಲ್ಯಾಪ್‌ಟಾಪ್‌ನ ‘.ಎಸ್‌ಒ’ ಫೈಲನ್ನು ಕಂಟೇನರ್‌ಗೆ ನಕಲು ಮಾಡಿದೆ. ಅದೇ ಎರರ್. ಆ ಟೆಕ್ಸ್ಟ್ ಫೈಲ್‌ನಲ್ಲಿ ಹೆಸರು ಇರಲಿಲ್ಲ, ಸೇರಿಸಿದೆ. ಮತ್ತೆ ಅದೇ ಎರರ್! ಕಂಟೇನರ್‌ನಲ್ಲೂ ಎಸ್‌ಟ್ರೇಸ್ ಹಾಕಿದೆ. ಟೆಕ್ಸ್ಟ್ ಫೈಲನ್ನು ಅದು ಮುಟ್ಟಿಯೂ ನೋಡುತ್ತಿರಲಿಲ್ಲ. ಪಕ್ಕದಲ್ಲಿದ್ದ, ಆ ಪಟ್ಟಿಯಿಂದ ಮೊದಲೇ ಕಟ್ಟಿಟ್ಟ ಕ್ಯಾಶ್ ಫೈಲನ್ನು ಓದಿ, ಅದರಲ್ಲಿ ಹೆಸರಿಲ್ಲ ಅಂತ ಅಲ್ಲೇ ಕೈಚೆಲ್ಲುತ್ತಿತ್ತು. ಐಕಾನ್ವ್‌ಕಾನ್ಫಿಗ್ ಎಂಬ ಕಮಾಂಡ್ ಓಡಿಸಿ ಕ್ಯಾಶ್ ಹೊಸದಾಗಿ ಕಟ್ಟಿದ ಮೇಲೆ ಕೆಲಸ ಮಾಡಿತು.

ಆದರೆ ಹೀಗೆ ಕೈಯಿಂದ ನಕಲು ಮಾಡುವುದು ಸರಿಯಲ್ಲ. ಕೆಲವು ಫೈಲ್‌ಗಳು ಒಂಟಿಯಾಗಿ ಬರುವುದಿಲ್ಲ. ಕೊರಿಯನ್ ಭಾಷೆಯ ಇಯುಸಿ-ಕೆಆರ್ ಎನ್‌ಕೋಡಿಂಗ್‌ನ ಮಾಡ್ಯೂಲ್‌ಗೆ (ಅದರ ‘.ಎಸ್‌ಒ’ ಫೈಲ್‌ಗೆ) ಜೊತೆಯಲ್ಲಿ ಲಿಬ್‌ಕೆಎಸ್‌ಸಿ ಎಂಬ ಇನ್ನೊಂದು ಫೈಲ್ ಬೇಕು. ಜೊತೆಗೆ ಜಿಲಿಬ್‌ಸಿ ಆವೃತ್ತಿ ಬೇರೆಯಾದರೆ ನಕಲು ಮಾಡಿದ್ದು ಯಾವಾಗ ಕೈ ಕೊಡುತ್ತದೋ ಹೇಳಲಾಗದು. ಫೆಡೋರಾ ಕಡೆಯ ಲಿನಕ್ಸ್ ವಿತರಣೆಗಳಲ್ಲಿ ಇವುಗಳಲ್ಲಿ ಹೆಚ್ಚಿನವು ಜಿಲಿಬ್‌ಸಿ-ಜಿಕಾನ್ವ್-ಎಕ್ಸ್‌ಟ್ರಾ ಎಂಬ ಪ್ಯಾಕೇಜ್‌ನಲ್ಲಿವೆ. ಜಾಗ ಉಳಿಸಲು ಅದನ್ನು ಬಿಟ್ಟು ಕಂಟೇನರ್‌ನ ಇಮೇಜ್ (ಅಚ್ಚು) ಮಾಡಿದ್ದರು, ಅಷ್ಟೇ. ಒಂದು ಸಾಲು ಸೇರಿಸಿ ಇನ್‌ಸ್ಟಾಲ್ ಮಾಡಿದೆ, ನಾನು ತುರುಕಿದ್ದನ್ನೆಲ್ಲ ಅಳಿಸಿದೆ.

ಜೊತೆಗಿದ್ದವರೊಬ್ಬರು ಜಿಕಾನ್ವ್_ಪಾತ್ ಎಂಬ ಎನ್ವಿರಾನ್ಮೆಂಟ್ ವೇರಿಯಬಲ್ (ಪ್ರೋಗ್ರಾಂಗೆ ಹೊರಗಿನಿಂದ ಕೊಡುವ ಸೆಟ್ಟಿಂಗ್) ಇಟ್ಟು ನಮ್ಮದೇ ಫೋಲ್ಡರ್ ತೋರಿಸೋಣ ಅಂದರು. ಅದೂ ನಡೆಯುತ್ತದೆ. ನಾನು ಒಪ್ಪಲಿಲ್ಲ. ಮಾಡ್ಯೂಲ್ ಅಂದರೆ ಓಡುವ ಕೋಡ್, ಬರೀ ಅಕ್ಷರಗಳ ಪಟ್ಟಿಯಲ್ಲ. 2022ರ ಜನವರಿಯಲ್ಲಿ ಬಯಲಾದ ಪ್ವ್ನ್‌ಕಿಟ್ ದಾಳಿಯಲ್ಲಿ ಬೇರೆ ಬಳಕೆದಾರರ ಅಧಿಕಾರದಲ್ಲಿ ಪ್ರೋಗ್ರಾಂ ಓಡಿಸುವ ಪಿಕೆಎಕ್ಸೆಕ್ ಕಮಾಂಡ್‌ಗೆ ಇದೇ ವೇರಿಯಬಲ್ ದಾಟಿಸಿ ರೂಟ್, ಅಂದರೆ ಇಡೀ ಸಿಸ್ಟಂನ, ಅಧಿಕಾರ ಪಡೆಯಬಹುದಿತ್ತು. ಬೇರೆ ಬೇರೆ ಫೈಲ್‌ಗಳಾಗಿರುವುದರಿಂದ ಲಾಭವೂ ಇದೆ. 2024ರ ಏಪ್ರಿಲ್‌ನಲ್ಲಿ ಚೀನೀ ಭಾಷೆಯ ಐಎಸ್‌ಒ-2022-ಸಿಎನ್-ಇಎಕ್ಸ್‌ಟಿ ಪರಿವರ್ತಕದಲ್ಲಿ ಬಫರ್ (ಮೀಸಲಿಟ್ಟ ಮೆಮೊರಿ ಜಾಗ) ದಾಟಿ ಬರೆಯುವ ದೋಷ ಸಿಕ್ಕಿತು. ತಿದ್ದಿದ ಆವೃತ್ತಿ ಬರುವವರೆಗೆ ಆ ಒಂದು ಹೆಸರಿನ ಸಾಲುಗಳನ್ನು ಪಟ್ಟಿಯಿಂದ ತೆಗೆದು ಕ್ಯಾಶ್ ಮತ್ತೆ ಕಟ್ಟಿದೆ. ಮಿಕ್ಕ ಯಾವುದಕ್ಕೂ ತೊಂದರೆ ಆಗಲಿಲ್ಲ.

ಇನ್ನು ಡೇಟಾ. ಪರಿವರ್ತನೆ ಆಯಿತು, ಎರರ್ ಇಲ್ಲ, ಆದರೆ ಇಡೀ ಫೈಲ್ ಒಂದೇ ಸಾಲಾಗಿ ಬಂತು. ಆ ಫೈಲ್‌ನಲ್ಲಿ ಸಾಲಿನ ಕೊನೆಗೆ ಇದ್ದದ್ದು ಹೆಕ್ಸ್ 15. ಅದು ಯೂನಿಕೋಡ್‌ನ ಹೆಕ್ಸ್ 85 ಆಗುತ್ತದೆ, ಸಾಲು ಮುಗಿಯಿತು ಅನ್ನಲು ನಮಗೆ ಪರಿಚಯದ 0ಎ ಅಲ್ಲ. ಇದನ್ನು ಸರಿಮಾಡುವುದು ಸುಲಭ. ಜಾಸ್ತಿ ಕಾಡಿದ್ದು ಹಣದ ಕಾಲಂ. ಅದು ಒಂದು ಬೈಟ್‌ಗೆ ಎರಡು ಅಂಕಿ ತುಂಬುವ ಪ್ಯಾಕ್ಡ್ ಡೆಸಿಮಲ್‌ನಲ್ಲಿತ್ತು. 123 ಅನ್ನುವುದನ್ನು 12, 3ಸಿ ಎಂಬ ಎರಡು ಬೈಟ್‌ನಲ್ಲಿ ಇಡುತ್ತಾರೆ, ಕೊನೆಯ ‘ಸಿ’ ಅಂದರೆ ಧನ ಸಂಖ್ಯೆ. ಪರಿವರ್ತಕ ಪಾಪ, ಅದನ್ನೂ ಅಕ್ಷರ ಅಂದುಕೊಂಡು 3ಸಿಯನ್ನು 14 ಮಾಡಿತು. ಚಿಹ್ನೆಯೂ ಹೋಯಿತು, ಮೊತ್ತವೂ ಹೋಯಿತು. ದೂರು ಹೇಳಲು ಒಂದು ಎರರ್ ಕೂಡ ಇಲ್ಲ. ಈಗ ರೆಕಾರ್ಡನ್ನು ಮೊದಲು ಕಾಲಂ ಕಾಲಂ ಆಗಿ ಕತ್ತರಿಸುತ್ತೇನೆ. ಪಠ್ಯದ ಭಾಗ ಮಾತ್ರ ಐಕಾನ್ವ್‌ಗೆ ಹೋಗುತ್ತದೆ. ಅಂಕಿಗಳನ್ನು ನಾನೇ ಬಿಡಿಸುತ್ತೇನೆ.

ಇಮೇಜ್ ಬಿಲ್ಡ್ ಆಗುವಾಗಲೇ ಸಿ1, ಸಿ2, ಸಿ3 ಎಂಬ ಮೂರು ಬೈಟ್ ಕೊಟ್ಟು ‘ಎಬಿಸಿ’ ಬರುತ್ತಾ ಅಂತ ನೋಡುವ ಒಂದು ಸಾಲನ್ನೂ ಸೇರಿಸಿದ್ದೇನೆ. ಬರದಿದ್ದರೆ ಬಿಲ್ಡ್ ಅಲ್ಲೇ ನಿಲ್ಲುತ್ತದೆ.