ವಾಕ್ಯದ ಲೆಕ್ಕವನ್ನು ಸಮೀಕರಣ ಮಾಡುವುದು ಹೇಗೆ?

ಸಮೀಕರಣ ಕೊಟ್ಟರೆ ಪಟಪಟನೆ ಬಿಡಿಸುವ ಮಕ್ಕಳು, ಅದನ್ನೇ ಮಾತಿನಲ್ಲಿ ಕೊಟ್ಟರೆ ಪೆನ್ಸಿಲ್ ಕೆಳಗಿಡುತ್ತಾರೆ. ಈ ಲೆಕ್ಕ ನೋಡಿ: ತಾಯಿಯ ವಯಸ್ಸು ಮಗಳ ವಯಸ್ಸಿನ 4 ಪಟ್ಟು. 5 ವರ್ಷದ ನಂತರ 3 ಪಟ್ಟು ಆಗುತ್ತದೆ. ಈಗ ಮಗಳ ವಯಸ್ಸೆಷ್ಟು?

1. ಕೊನೆಯ ಪ್ರಶ್ನೆಯನ್ನು ಮೊದಲು ಓದಿ. ಕೇಳಿದ್ದಕ್ಕೆ ಒಂದು ಅಕ್ಷರ ಕೊಡಿ. ಶಾಲೆಯಲ್ಲಿ ಎಕ್ಸ್ ಎನ್ನುತ್ತಾರೆ, ಇಲ್ಲಿ ‘ಯ’ ಇರಲಿ. 12ನೇ ಶತಮಾನದ ಭಾಸ್ಕರಾಚಾರ್ಯರೂ ಗೊತ್ತಿಲ್ಲದ ಸಂಖ್ಯೆಯನ್ನು ‘ಯಾವತ್ತಾವತ್’ ಎಂದು ಕರೆದು ‘ಯಾ’ ಎಂದಷ್ಟೇ ಬರೆಯುತ್ತಿದ್ದರು. ‘ಯ = ಮಗಳು’ ಅಂತ ಮಾತ್ರ ಬರೆಯಲೇಬೇಡಿ. ‘ಯ = ಮಗಳ ಈಗಿನ ವಯಸ್ಸು’ ಎಂದು ಪೂರ್ತಿ ಬರೆಯಿರಿ. ‘ಈಗಿನ’ ಬಿಟ್ಟರೆ ಮುಂದೆ ಖಂಡಿತ ಗೊಂದಲ.

2. ಈಗ ಕಷ್ಟದ ಹಂತ. ನೇರವಾಗಿ ಅಕ್ಷರಕ್ಕೆ ಹಾರಬೇಡಿ. ಮೊದಲು ಯಾವುದೋ ಒಂದು ಸಂಖ್ಯೆ ಊಹಿಸಿ. ಮಗಳಿಗೆ 7 ಅನ್ನಿ. ತಾಯಿಗೆ 4 × 7, ಅಂದರೆ 28. 5 ವರ್ಷ ಕಳೆದರೆ ಮಗಳಿಗೆ 12, ತಾಯಿಗೆ 33. ಆದರೆ 12ರ 3 ಪಟ್ಟು 36. ಸರಿಹೋಗಲಿಲ್ಲ, ಅಲ್ವಾ? ಪರವಾಗಿಲ್ಲ. ನಮಗೆ ಬೇಕಿದ್ದುದು ಉತ್ತರವಲ್ಲ, ಲೆಕ್ಕ ಹಾಕಿದ ದಾರಿ. ಅದೇ ದಾರಿಯಲ್ಲಿ 7 ಇದ್ದ ಕಡೆಯೆಲ್ಲ ‘ಯ’ ಹಾಕಿ. ಈಗ ತಾಯಿಗೆ 4ಯ. ಆಮೇಲೆ ತಾಯಿಗೆ 4ಯ + 5, ಮಗಳಿಗೆ ಯ + 5. ಸಮೀಕರಣ ಇದು:

4ಯ + 5 = 3(ಯ + 5)

ಆವರಣ ಬಿಟ್ಟು 3ಯ + 5 ಎಂದು ಬರೆಯುವವರೇ ಜಾಸ್ತಿ. ಹಾಗೆ ಬರೆದರೆ ಮಗಳ ವಯಸ್ಸು ಸೊನ್ನೆ ಬರುತ್ತದೆ! 3 ಪಟ್ಟು ಆಗಬೇಕಾದ್ದು 5 ಕೂಡಿಸಿದ ಮೇಲಿನ ವಯಸ್ಸು.

‘ಒಟ್ಟು ಎಂದರೆ ಕೂಡು, ಉಳಿಯಿತು ಎಂದರೆ ಕಳೆ’ ಎನ್ನುವ ಗೈಡುಗಳನ್ನು ನಂಬಬೇಡಿ. ‘12 ರೂಪಾಯಿ ಖರ್ಚಾಗಿ 30 ಉಳಿಯಿತು, ಮೊದಲು ಎಷ್ಟಿತ್ತು?’ ಇಲ್ಲಿ ‘ಉಳಿಯಿತು’ ಇದೆ, ಆದರೆ ಉತ್ತರಕ್ಕೆ ಕೂಡಬೇಕು. ಪದ ಹುಡುಕುವ ಮಗು ಕಥೆ ಓದುವುದನ್ನೇ ಬಿಡುತ್ತದೆ.

3. ಬಿಡಿಸಿ. ಯ = 10.

4. ತಾಳೆ ನೋಡುವಾಗ ಉತ್ತರವನ್ನು ಸಮೀಕರಣಕ್ಕಲ್ಲ, ಕಥೆಗೆ ಹಾಕಿ. ತಪ್ಪು ಸಮೀಕರಣಕ್ಕೂ ಅದರದೇ ಉತ್ತರ ಸರಿಯಾಗಿ ಕೂರುತ್ತದೆ. ಮಗಳಿಗೆ 10, ತಾಯಿಗೆ 40. 5 ವರ್ಷದ ನಂತರ 15 ಮತ್ತು 45. ಸರಿಯಾಗಿ 3 ಪಟ್ಟು.